ನಿಂಬದೇವರಸ

ಹನ್ನೆರಡನೆಯ ಶತಮಾನದ ಪೂರ್ವಾರ್ಧದಲ್ಲಿ ಕೊಲ್ಲಾಪುರದ ಶಿಲಾಹಾರ ಅರಸ ಗಂಡರಾದಿತ್ಯನ ಸಾಮಂತ. ಜೈನ ಶ್ರಾವಕ, ಬಸದಿಗಳ ನಿರ್ಮಾಪಕ. ಶಾಸನಗಳಲ್ಲಿ ನಿಂಬ, ನಿಂಬಸಾಮಂತ ಎಂಬ ಹೆಸರುಗಳೂ ಬರುತ್ತವೆ. ಇಂದಿನ ಇಚಲಕರಂಜಿ, ಗಡಹಿಂಗ್ಲಜ ಭಾಗಗಳನ್ನು ಒಳಗೊಂಡ ಕೊಲ್ಲಾಪುರ ಸೀಮೆ ಆಗ ಕಲ್ಯಾಣದ ಚಾಲುಕ್ಯರಿಗೆ ಅಧೀನರಾಗಿದ್ದ ಶಿಲಾಹಾರರ ಕೈಯಲ್ಲಿತ್ತು. ಅಲ್ಲಿ ಕನ್ನಡ ಶಾಸನಭಾಷೆಯಾಗಿತ್ತು. ನಿಂಬದೇವನನ್ನು ಬಸದಿ ಕಟ್ಟಿಸಿದ ದಾನಿಯೆಂದಷ್ಟೇ ಪರಿಚಯಿಸುವುದು ರೂಢಿ. ಆದರೆ ಅವನ ಧರ್ಮಕಾರ್ಯಗಳಿಗೆ ಬಲ ಬಂದದ್ದು ಸಾಮಂತ ಪದವಿಯಿಂದಲೇ. ಎರಡನ್ನೂ ಕೂಡಿಸಿ ನೋಡಿದರೆ ಮಾತ್ರ ಅವನ ಬದುಕು ಅರ್ಥವಾಗುತ್ತದೆ.

ಕೊಲ್ಲಾಪುರದಲ್ಲಿ ಅವನು ಕಟ್ಟಿಸಿದ ಬಸದಿಗೆ ರೂಪನಾರಾಯಣ ಬಸದಿ ಎಂದು ಹೆಸರು. ರೂಪನಾರಾಯಣ ಎಂಬುದು ಗಂಡರಾದಿತ್ಯನ ಬಿರುದು. ತನ್ನ ಆರಾಧ್ಯನ ಆಲಯಕ್ಕೆ ಒಡೆಯನ ಬಿರುದನ್ನಿಟ್ಟದ್ದು ಸ್ವಾಮಿನಿಷ್ಠೆಯ ಬಹಿರಂಗ ಘೋಷಣೆ. ಈ ಬಸದಿಯ ಆಚಾರ್ಯ ಮಾಘನಂದಿ ಸೈದ್ಧಾಂತಿಕನ ಉಲ್ಲೇಖ 1123ರ ತೇರದಾಳ ಶಾಸನದಲ್ಲಿರುವುದರಿಂದ ಬಸದಿ ಆ ವೇಳೆಗಾಗಲೇ ಇತ್ತು. ಶಕ 1058ರ, ಅಂದರೆ 1135-36ರ ಸುಮಾರಿನ ಕೊಲ್ಲಾಪುರದ ಕನ್ನಡ ಶಾಸನವು ಕವಡೆಗೊಳ್ಳದ ಸಂತೆಯಲ್ಲಿ ನಿಂಬದೇವರಸ ಕಟ್ಟಿಸಿದ ಪಾರ್ಶ್ವನಾಥ ಬಸದಿಗೆ ವರ್ತಕ ಸಂಘಗಳವರು ಸರಕುಗಳ ಮೇಲೆ ಬಿಟ್ಟ ದಾನವನ್ನು ದಾಖಲಿಸುತ್ತದೆ. ಹಲವು ಊರುಗಳ ವ್ಯಾಪಾರಿಗಳು ಒಮ್ಮತದಿಂದ ದಾನ ಬಿಟ್ಟದ್ದು ಆ ಸಂತೆಯಲ್ಲಿ ಅವನಿಗಿದ್ದ ಪ್ರತಿಷ್ಠೆಯನ್ನು ಸೂಚಿಸುತ್ತದೆ.

ಇವನು ಗೆದ್ದ ಕಾಳಗ ಯಾವುದು, ಶಾಸನಕವಿಯ ಹೊಗಳಿಕೆಯನ್ನು ನಂಬಿ ಯೋಧನೆನ್ನಬಹುದೇ ಎಂದು ಕೇಳಬಹುದು. ಹೊಗಳಿಕೆಯನ್ನು ಪುರಾವೆಯೆಂದು ಹಿಡಿಯಬೇಕಾಗಿಲ್ಲ, ನಿಜ. ಆದರೆ ದಾನಶಾಸನದ ಕೆಲಸ ದತ್ತಿಯನ್ನು ಕಾಯುವುದು. ಅದರಲ್ಲಿ ಯುದ್ಧದ ದಿನಚರಿ ಸಿಗಲಿಲ್ಲವೆಂದು ಯುದ್ಧಗಳೇ ನಡೆಯಲಿಲ್ಲ ಎನ್ನಲಾಗದು. ಇಂಗ್ಲೆಂಡಿನ ನೈಟ್ ವಿಲಿಯಂ ಮಾರ್ಷಲ್ 1219ರಲ್ಲಿ ತೀರಿಕೊಂಡ ಮೇಲೆ ಅವನ ಮಗ ತಂದೆಯ ಚರಿತೆಯನ್ನು ದೀರ್ಘ ಕಾವ್ಯವಾಗಿ ಬರೆಸಿದ; ಅವನ ಕದನಗಳು ನಮಗೆ ವಿವರವಾಗಿ ತಿಳಿದಿರುವುದು ಹೆಚ್ಚಾಗಿ ಅದರಿಂದಲೇ. ನಿಂಬದೇವನಿಗೆ ಅಂಥ ಚರಿತಕಾರ ದೊರೆತಿಲ್ಲ. ಪದವಿಯಾದರೂ ಸ್ಪಷ್ಟವಾಗಿದೆ: ಒಡೆಯ ಕರೆದಾಗ ಪಡೆಯೊಡನೆ ಬರುವುದು ಆ ಕಾಲದ ಸಾಮಂತನ ಮುಖ್ಯ ಕರ್ತವ್ಯ.

ಅಹಿಂಸೆಯನ್ನು ಪರಮಧರ್ಮವೆನ್ನುವ ಜೈನನಿಗೆ ಕತ್ತಿ ಹೇಗೆ ಒಪ್ಪುತ್ತದೆ ಎಂಬುದು ಇನ್ನೊಂದು ಆಕ್ಷೇಪ. ಜೈನಧರ್ಮವು ಮುನಿಗೆ ಮಹಾವ್ರತವನ್ನೂ ಗೃಹಸ್ಥನಿಗೆ ಅಣುವ್ರತವನ್ನೂ ವಿಧಿಸುತ್ತದೆ. ರಾಜ್ಯರಕ್ಷಣೆ ಶ್ರಾವಕನಿಗೆ ನಿಷಿದ್ಧವಾಗಿರಲಿಲ್ಲ. ಗಂಗರ ಚಾವುಂಡರಾಯ, ಹೊಯ್ಸಳರ ಗಂಗರಾಜ ಇದಕ್ಕೆ ಪ್ರಸಿದ್ಧ ನಿದರ್ಶನಗಳು. ಮಹಾಲಕ್ಷ್ಮಿಯ ಭಕ್ತನಾದ ಗಂಡರಾದಿತ್ಯನೂ ತಾನು ಕಟ್ಟಿಸಿದ ಗಂಡಸಮುದ್ರವೆಂಬ ಕೆರೆಯ ಬಳಿ ಶಿವ, ಬುದ್ಧ, ಜಿನರಿಗೆ ಆಲಯಗಳನ್ನು ಎತ್ತಿಸಿದ. ಗಡಹಿಂಗ್ಲಜಕ್ಕೆ ಸಮೀಪದ ಆಜರೆಯಲ್ಲಿ, ಅಂದಿನ ಅಜುರಿಕೆಯಲ್ಲಿ, ತ್ರಿಭುವನತಿಲಕ ಜಿನಾಲಯ ಕಟ್ಟಿಸಿದ. ಇಂಥ ಒಡೆಯನ ಸೇವೆಗೂ ನಿಂಬದೇವನ ಶ್ರದ್ಧೆಗೂ ಘರ್ಷಣೆ ಇರಬೇಕಾದ ಕಾರಣವೇ ಇರಲಿಲ್ಲ.

ಅವನ ಕೀರ್ತಿ ಶಿಲಾಹಾರ ನಾಡಿನಲ್ಲೇ ನಿಲ್ಲಲಿಲ್ಲ. 1163ರ ಶ್ರವಣಬೆಳಗೊಳದ ಶಾಸನವೊಂದು ಮಾಘನಂದಿಯ ಗುರುಪರಂಪರೆಯನ್ನು ಹೇಳುವಾಗ ಸಾಮಂತ ನಿಂಬದೇವನನ್ನೂ ಹೆಸರಿಸುತ್ತದೆ. ಆ ಶಾಸನದಲ್ಲಿಯೂ ಅವನ ಹೆಸರಿನೊಡನೆ ಸಾಮಂತ ಪದವಿ ಉಳಿದುಬಂದಿದೆ. ಮಧ್ಯಯುಗದ ಕೊಲ್ಲಾಪುರದ ಚರಿತ್ರೆಯಲ್ಲಿ ನಿಂಬದೇವರಸನ ಸ್ಥಾನ ದಾನಿಗಳ ಪಟ್ಟಿಯಲ್ಲಿ ಮಾತ್ರವಲ್ಲ, ಆ ರಾಜ್ಯವನ್ನು ಹೊತ್ತು ನಿಂತ ಸಾಮಂತರ ಸಾಲಿನಲ್ಲಿಯೂ ಇದೆ.