ಪೇಟೆಯ ನಡಿಗೆ, ತಟ್ಟೆಯ ಚರಿತ್ರೆ

ಬೆಂಗಳೂರಿನ ಹೆಸರಿನ ಬಗ್ಗೆ ಎಲ್ಲರೂ ಬಲ್ಲ ಕಥೆಯೊಂದಿದೆ. ಹೊಯ್ಸಳ ದೊರೆ ವೀರಬಲ್ಲಾಳ ಬೇಟೆಗೆಂದು ಬಂದು ಕಾಡಿನಲ್ಲಿ ದಾರಿ ತಪ್ಪಿದ. ಹಸಿದು ಬಳಲಿದ್ದ ಅವನಿಗೆ ಗುಡಿಸಲಿನ ಮುದುಕಿಯೊಬ್ಬಳು ಬೆಂದ ಕಾಳು ಕೊಟ್ಟಳು. ಆ ಉಪಕಾರದ ನೆನಪಿಗೆ ಆ ಸ್ಥಳ 'ಬೆಂದಕಾಳೂರು' ಆಯಿತು. ಮುಂದೆ ಅದೇ ಬೆಂಗಳೂರಾಯಿತು. ಹಳೆಯ ಪೇಟೆಯ ಬೀದಿಗಳಲ್ಲಿ ಜನರನ್ನು ನಡೆಸಿಕೊಂಡು ಹೋಗಿ, ಊರಿನ ಚರಿತ್ರೆಯನ್ನೂ ಅಲ್ಲಿನ ತಿಂಡಿಗಳನ್ನೂ ಒಟ್ಟಿಗೆ ಪರಿಚಯಿಸುವ ಮಾರ್ಗದರ್ಶಿಗೆ ಇದಕ್ಕಿಂತ ಒಳ್ಳೆಯ ಪೀಠಿಕೆ ಬೇಕೆ?

ಆದರೆ ಇದು ಚರಿತ್ರೆಯಲ್ಲ. ಬೆಂಗಳೂರಿನ ದಕ್ಷಿಣಕ್ಕಿರುವ ಬೇಗೂರಿನ ದೇವಾಲಯದಲ್ಲಿ ಗಂಗರ ಕಾಲದ ಶಾಸನವೊಂದಿದೆ. ಸುಮಾರು ಕ್ರಿ.ಶ. 890ರ ಈ ಶಾಸನ ಬೆಂಗಳೂರಿನ ಕಾಳಗವನ್ನು ಹೆಸರಿಸುತ್ತದೆ. ವೀರಬಲ್ಲಾಳ ಪಟ್ಟಕ್ಕೆ ಬಂದದ್ದು 1173ರಲ್ಲಿ. ಎಂದರೆ, ದೊರೆಗೆ ಕಾಳು ಸಿಗುವ ಮೂರು ಶತಮಾನ ಮೊದಲೇ ಊರಿಗೆ ಈ ಹೆಸರಿತ್ತು. ಹಾಗೆಂದು ಕಥೆಯನ್ನು ಎಸೆದುಬಿಡಬೇಕಾಗಿಲ್ಲ. ಊರಿನ ಹೆಸರಿನ ಮೂಲವನ್ನು ಅರಮನೆಯಲ್ಲಿ ಹುಡುಕದೆ ಬಡ ಮುದುಕಿಯ ಒಲೆಯ ಬಳಿ ಹುಡುಕಿದ ಜನಮನಸ್ಸು ಅದರಲ್ಲಿದೆ. ಕಥೆಯನ್ನು ಕಥೆಯಾಗಿ, ಶಾಸನವನ್ನು ಶಾಸನವಾಗಿ ಹೇಳಿದರೆ ಎರಡಕ್ಕೂ ಬೆಲೆ ಉಳಿಯುತ್ತದೆ. ತಿಂಡಿ ಮತ್ತು ಚರಿತ್ರೆಯನ್ನು ಬೆಸೆಯುವ ನಡಿಗೆಗಳ ಸತ್ವ ಪರೀಕ್ಷೆಯಾಗುವುದೂ ಇಲ್ಲಿಯೇ.

ನಡಿಗೆಯ ಹುಟ್ಟು

ನಮ್ಮ ದೇಶದಲ್ಲಿ ಇಂಥ ನಡಿಗೆಗಳಿಗೆ ಮಾದರಿ ಹಾಕಿಕೊಟ್ಟ ಊರುಗಳಲ್ಲಿ ಅಹಮದಾಬಾದ್ ಮುಖ್ಯವಾದುದು. ಅಲ್ಲಿನ ನಗರಪಾಲಿಕೆ 1997ರ ನವೆಂಬರ್‌ನಲ್ಲಿ ಹಳೆಯ ನಗರದ ಪರಂಪರೆಯ ನಡಿಗೆಯನ್ನು ಆರಂಭಿಸಿತು. ಕಾಳೂಪುರದ ಸ್ವಾಮಿನಾರಾಯಣ ಮಂದಿರದಿಂದ ಹೊರಟು, ಪೋಳ್‌ಗಳೆಂದು ಕರೆಯುವ ಇಕ್ಕಟ್ಟಾದ ವಸತಿ ಓಣಿಗಳಲ್ಲಿ ಹಾದು, ಜುಮ್ಮಾ ಮಸೀದಿಯಲ್ಲಿ ಮುಗಿಯುವ ದಾರಿ ಅದು. ಆ ಮಸೀದಿಯ ನೆರೆಯ ಮಾಣೆಕ್ ಚೌಕದಲ್ಲಿ ಹಗಲು ಚಿನ್ನಬೆಳ್ಳಿಯ ವ್ಯಾಪಾರ, ರಾತ್ರಿ ತಿಂಡಿಯ ವ್ಯಾಪಾರ. 2017ರಲ್ಲಿ ಅಹಮದಾಬಾದ್ ಯುನೆಸ್ಕೋದ ವಿಶ್ವ ಪರಂಪರೆಯ ಪಟ್ಟಿಗೆ ಸೇರಿತು.

ಬೆಂಗಳೂರಿನಲ್ಲಿ ಈ ಪದ್ಧತಿ 2000ದ ನಂತರ ಬೆಳೆಯಿತು. ಇಂಟ್ಯಾಕ್ ಸಂಸ್ಥೆಯ ಬೆಂಗಳೂರು ಶಾಖೆಯೂ ಖಾಸಗಿ ತಂಡಗಳೂ ಇಂಥ ನಡಿಗೆಗಳನ್ನು ನಡೆಸುತ್ತ ಬಂದಿವೆ. ಕ್ರಮ ಸರಳ. ರಜೆಯ ದಿನ ಬೆಳಿಗ್ಗೆ, ಅಂಗಡಿಗಳ ಗದ್ದಲ ಏರುವ ಮೊದಲು, ಸಣ್ಣ ಗುಂಪೊಂದು ಒಂದೆಡೆ ಸೇರುತ್ತದೆ. ಎರಡು ಮೂರು ಗಂಟೆಗಳ ನಡಿಗೆ. ಒಂದು ಗುಡಿಯ ಮುಂದೆ ಐದು ನಿಮಿಷ, ಒಂದು ಹೋಟೆಲಿನ ಮುಂದೆ ಹತ್ತು ನಿಮಿಷ. ಪುಸ್ತಕದಲ್ಲಿ ಓದಿದರೆ ಮರೆತುಹೋಗುವ ಇಸವಿ ಬೆಣ್ಣೆ ದೋಸೆಯ ಜೊತೆ ಕೇಳಿದರೆ ನೆನಪಿನಲ್ಲಿ ನಿಲ್ಲುತ್ತದೆ ಎಂಬುದು ಇದರ ಹಿಂದಿರುವ ನಂಬಿಕೆ. ನಂಬಿಕೆ ಸುಳ್ಳಲ್ಲ. ಆದರೆ ಆ ದೋಸೆ ಬಾಯಿರುಚಿಗೆ ಮಾತ್ರವೋ, ಅದೇ ಒಂದು ಚಾರಿತ್ರಿಕ ಸಾಕ್ಷಿಯೋ ಎಂಬುದು ಮುಖ್ಯ ಪ್ರಶ್ನೆ.

ಹೆಸರಿನಲ್ಲೇ ದಿನಸಿ

ಮೊದಲನೆಯ ಸಾಕ್ಷಿ ಬೀದಿಗಳ ಹೆಸರಿನಲ್ಲೇ ಇದೆ. ಕೆಂಪೇಗೌಡ 1537ರಲ್ಲಿ ಕಟ್ಟಿಸಿದನೆಂದು ಹೇಳುವ ಪೇಟೆ ಕಸುಬುಗಳ ಆಧಾರದ ಮೇಲೆ ಬೆಳೆದ ಊರು. ಅಕ್ಕಿಪೇಟೆ, ರಾಗಿಪೇಟೆ, ಧಾನ್ಯದ ಸಗಟು ವ್ಯಾಪಾರದ ತರಗುಪೇಟೆ, ಎಣ್ಣೆ ತೆಗೆಯುವವರ ಗಾಣಿಗರಪೇಟೆ, ಮಡಕೆ ಮಾಡುವವರ ಕುಂಬಾರಪೇಟೆ, ತೋಟಗಾರರ ತಿಗಳರಪೇಟೆ. ಇವನ್ನು ಒಂದರ ಪಕ್ಕ ಒಂದು ಇಟ್ಟು ನೋಡಿದರೆ ಅಡುಗೆಮನೆಯೇ ಕಣ್ಣಿಗೆ ಕಟ್ಟುತ್ತದೆ: ಕಾಳು, ಹಿಟ್ಟು, ಎಣ್ಣೆ, ಮಡಕೆ, ತರಕಾರಿ. ಸಗಟು ವ್ಯಾಪಾರದ ದೊಡ್ಡ ಪಾಲು ಯಶವಂತಪುರದ ಮಾರುಕಟ್ಟೆ ಪ್ರಾಂಗಣಕ್ಕೆ ಹೋಗಿದ್ದರೂ ಹೆಸರುಗಳು ಅಲುಗಿಲ್ಲ.

ಊರಿನ ಒಡೆತನ ಮಾತ್ರ ಕೈಯಿಂದ ಕೈಗೆ ದಾಟಿತು. 1638ರಲ್ಲಿ ಬಿಜಾಪುರದ ಸೇನೆ ಊರನ್ನು ಗೆದ್ದು ಶಹಾಜಿಯ ವಶಕ್ಕೆ ಬಂತು. 1687ರಲ್ಲಿ ಮೊಗಲರು ಹಿಡಿದರು. ಅನಂತರ ಮೈಸೂರಿನ ಚಿಕ್ಕದೇವರಾಜ ಒಡೆಯರು ಹಣ ಕೊಟ್ಟು ಪಡೆದರು. 1791ರ ಮಾರ್ಚ್‌ನಲ್ಲಿ ಕಾರ್ನ್‌ವಾಲಿಸನ ಸೈನ್ಯ ಟಿಪ್ಪುವಿನ ಕೋಟೆಯನ್ನು ಭೇದಿಸಿತು. ಕೃಷ್ಣರಾಜೇಂದ್ರ ಮಾರುಕಟ್ಟೆಯ ಸಮೀಪ ಉಳಿದಿರುವ ಕೋಟೆಯ ಗೋಡೆಯಲ್ಲಿ, ಬ್ರಿಟಿಷರು ನುಗ್ಗಿದ ಜಾಗ ಇದೇ ಎಂದು ಸಾರುವ ಕಲ್ಲಿನ ಫಲಕವಿದೆ. ಒಂದು ದಿನದ ಯುದ್ಧಕ್ಕೆ ಫಲಕ ಸಿಕ್ಕಿದೆ. ಅದರ ಸುತ್ತ ತಲೆತಲಾಂತರದಿಂದ ಹೂವು, ಹಣ್ಣು, ಸೊಪ್ಪು ಮಾರಿಕೊಂಡು ಬಂದವರಿಗೆ ಯಾವ ಫಲಕವೂ ಇಲ್ಲ. ಚರಿತ್ರೆ ಬರೆಯುವ ನಮ್ಮ ಅಭ್ಯಾಸವೇ ಹಾಗೆ.

ಹಳೆಯದು ಯಾವುದು, ಹೊಸದು ಯಾವುದು?

ಬಸವನಗುಡಿಯ ಕಡಲೆಕಾಯಿ ಪರಿಷೆ ಇಂಥ ನಡಿಗೆಗಳ ಇನ್ನೊಂದು ಮೆಚ್ಚಿನ ನಿಲ್ದಾಣ. ಕಾರ್ತಿಕ ಮಾಸದ ಕಡೆಯ ಸೋಮವಾರ ದೊಡ್ಡ ಬಸವಣ್ಣನ ಗುಡಿಯ ರಸ್ತೆಯುದ್ದಕ್ಕೂ ಕಡಲೆಕಾಯಿಯ ರಾಶಿ ಬೀಳುತ್ತದೆ. ಸುಂಕೇನಹಳ್ಳಿಯ ಸುತ್ತಮುತ್ತಲ ರೈತರ ಹೊಲದಲ್ಲಿ ಬಸವವೊಂದು ನುಗ್ಗಿ ಬೆಳೆ ಮೇಯುತ್ತಿತ್ತು, ಅದನ್ನು ಶಾಂತಗೊಳಿಸಲು ಗುಡಿ ಕಟ್ಟಿ ಮೊದಲ ಫಸಲನ್ನು ಅರ್ಪಿಸತೊಡಗಿದರು ಎಂಬುದು ಐತಿಹ್ಯ. ಗುಡಿಯನ್ನು ಕೆಂಪೇಗೌಡನ ಕಾಲಕ್ಕೆ ಸೇರಿಸುತ್ತಾರೆ.

ಕಡಲೆಕಾಯಿ ನಮ್ಮ ನೆಲದ ಬೆಳೆಯಲ್ಲ, ದಕ್ಷಿಣ ಅಮೆರಿಕದ್ದು. ಪೋರ್ಚುಗೀಸರು ಭಾರತಕ್ಕೆ ಬಂದ ಮೇಲೆ, ಸಮುದ್ರದಾಚೆಯ ವ್ಯಾಪಾರದ ದಾರಿಗಳಲ್ಲಿ ಬಂದ ಬೆಳೆಗಳಲ್ಲಿ ಅದೂ ಒಂದು. ಮೆಣಸಿನಕಾಯಿ, ಆಲೂಗೆಡ್ಡೆ, ಟೊಮೆಟೊಗಳೂ ಹಾಗೆ ಬಂದವೇ. ಮಸಾಲೆ ದೋಸೆಯೊಳಗಿನ ಪಲ್ಯದಿಂದ ಆಲೂಗೆಡ್ಡೆಯನ್ನೂ ಮೆಣಸಿನಕಾಯಿಯನ್ನೂ ತೆಗೆದರೆ ಉಳಿಯುವುದೇನು? ಇತ್ತ ಹುರುಳಿ, ಹೆಸರುಕಾಳುಗಳ ಅವಶೇಷ ಬಳ್ಳಾರಿ ಬಳಿಯ ಸಂಗನಕಲ್ಲಿನಂಥ ನವಶಿಲಾಯುಗದ ನೆಲೆಗಳಲ್ಲೇ ಸಿಕ್ಕಿದೆ. ಇಡ್ಲಿಗೂ ಕನ್ನಡದಲ್ಲಿ ದೀರ್ಘ ದಾಖಲೆಯಿದೆ. ಹತ್ತನೆಯ ಶತಮಾನದ 'ವಡ್ಡಾರಾಧನೆ'ಯಲ್ಲಿ 'ಇಡ್ಡಲಿಗೆ'ಯ ಪ್ರಸ್ತಾಪವಿದೆ. ಎರಡನೆಯ ಚಾವುಂಡರಾಯನ 'ಲೋಕೋಪಕಾರ' ಅದನ್ನು ಮಾಡುವ ಬಗೆಯನ್ನು ಹೇಳುತ್ತದೆ. ಚಾಲುಕ್ಯ ದೊರೆ ಮೂರನೆಯ ಸೋಮೇಶ್ವರನ 'ಮಾನಸೋಲ್ಲಾಸ'ದಲ್ಲಿ ದೋಸೆಯ ಪೂರ್ವಜ 'ಧೋಸಕ' ಸಿಗುತ್ತದೆ. ಅಂದಿನ ಇಡ್ಡಲಿಗೆ ಉದ್ದಿನ ಹಿಟ್ಟಿನದು. ಇಂದಿನಂತೆ ಅಕ್ಕಿ ಬೆರೆತದ್ದಲ್ಲ.

ಹೀಗೆ ಒಂದೇ ತಟ್ಟೆಯಲ್ಲಿ ಸಾವಿರ ವರ್ಷದ ಹಳತೂ ಕೆಲವು ಶತಮಾನದ ಹೊಸತೂ ಜೊತೆಗಿವೆ. 'ಅನಾದಿ ಕಾಲದ ತಿಂಡಿ' ಎಂದು ಒಂದೇ ಮಾತಿನಲ್ಲಿ ಮುಗಿಸಿಬಿಡುವ ಮಾರ್ಗದರ್ಶಿ ಅತ್ಯಂತ ಸ್ವಾರಸ್ಯಕರವಾದ ಸಂಗತಿಯನ್ನೇ ಕೈಬಿಟ್ಟಂತೆ.

ವಲಸೆಯ ಒಲೆಗಳು

ಪೇಟೆಯ ತಿಂಡಿಯ ಚರಿತ್ರೆ ಬಹುಮಟ್ಟಿಗೆ ವಲಸೆಯ ಚರಿತ್ರೆ. 1809ರಲ್ಲಿ ಬ್ರಿಟಿಷರು ಹಲಸೂರಿನ ಬದಿಯಲ್ಲಿ ದಂಡು ಪ್ರದೇಶವನ್ನು ಕಟ್ಟಿದರು. ಸೈನಿಕರ ಊಟಕ್ಕೆ ಬ್ರೆಡ್ಡು ಬೇಕಿತ್ತು, ಬೇಕರಿಗಳು ಬಂದವು. ದಂಡು ಪ್ರದೇಶದ ಮಾಸ್ಕ್ ರಸ್ತೆಯ ಆಲ್ಬರ್ಟ್ ಬೇಕರಿ ತನ್ನ ಹುಟ್ಟುವರ್ಷ 1902 ಎಂದು ಹೇಳಿಕೊಳ್ಳುತ್ತದೆ. ಪೇಟೆಯಲ್ಲಿ ಬೇಕರಿಯ ಕಸುಬನ್ನು ಕೈಗೆತ್ತಿಕೊಂಡವರು ಹಾಸನದ ಕಡೆಯ ಅಯ್ಯಂಗಾರರು. 1898ರಲ್ಲಿ ಚಿಕ್ಕಪೇಟೆಯಲ್ಲಿ ತೆರೆದ ಬೆಂಗಳೂರು ಬ್ರದರ್ಸ್ ಬೇಕರಿ ಇವುಗಳಲ್ಲಿ ಮೊದಲನೆಯದು ಎನ್ನಲಾಗುತ್ತದೆ. ಮೊಟ್ಟೆ ಸೇರಿಸದ ಕೇಕು, ಖಾರ ಬನ್ನು, ಪಲ್ಯ ತುಂಬಿದ ಪಫ್ಫು. ದಂಡಿನವರ ಒಲೆ, ಪೇಟೆಯವರ ಆಚಾರ ಇವೆರಡೂ ಇಲ್ಲಿ ರಾಜಿಯಾದವು. ಅದೇ 1898ರಲ್ಲಿ ಪ್ಲೇಗು ಪೇಟೆಯನ್ನು ಹಿಂಡಿತು. ಜನ ಮನೆ ಬಿಟ್ಟು ಬಯಲಿಗೆ ಹೋದರು. ಬಸವನಗುಡಿ, ಮಲ್ಲೇಶ್ವರ ಬಡಾವಣೆಗಳು ಹುಟ್ಟಿದವು. ಮುಂದೆ ತಿಂಡಿಯ ಹೋಟೆಲುಗಳು ಈ ಬಡಾವಣೆಗಳಿಗೂ ಬಂದವು.

ಹೋಟೆಲು ನಡೆಸಿದವರಲ್ಲಿ ದೊಡ್ಡ ಪಾಲು ಉಡುಪಿ ಸೀಮೆಯವರು. ಮಾವಳ್ಳಿ ಟಿಫಿನ್ ರೂಮ್ಸ್ 1924ರಲ್ಲಿ ಮಯ್ಯ ಸಹೋದರರಿಂದ ಆರಂಭವಾಯಿತು. ಗಾಂಧಿ ಬಜಾರಿನ ವಿದ್ಯಾರ್ಥಿ ಭವನ 1943ರದು. ಎರಡನೆಯ ಮಹಾಯುದ್ಧದಲ್ಲಿ ಜಪಾನ್ 1942ರಲ್ಲಿ ಬರ್ಮಾವನ್ನು ಹಿಡಿದಾಗ ಅಲ್ಲಿಂದ ಬರುತ್ತಿದ್ದ ಅಕ್ಕಿ ನಿಂತಿತು. ಅಕ್ಕಿಯ ಆ ಅಭಾವದ ದಿನಗಳಲ್ಲಿ ರವೆ ಇಡ್ಲಿ ತಮ್ಮಲ್ಲಿ ಹುಟ್ಟಿತೆಂದು ಮಾವಳ್ಳಿಯವರು ಹೇಳುತ್ತಾರೆ. ಇಂದು ರುಚಿಗಾಗಿ ತಿನ್ನುವುದು ಅಂದು ಕೊರತೆಯ ಕೂಸಾಗಿತ್ತು.

ಇಲ್ಲಿ ಮರೆಯಬಾರದ ಮಾತೊಂದಿದೆ. ಮಾವಳ್ಳಿಯ ಆ ಹೋಟೆಲಿನ ಮೊದಲ ಹೆಸರು ಬ್ರಾಹ್ಮಣ ಕಾಫಿ ಕ್ಲಬ್. ಅದು ಆ ಕಾಲದ ವಾಡಿಕೆ. ಮನೆಯ ಹೊರಗೆ ತಿನ್ನುವುದೇ ಮೈಲಿಗೆಯಾಗಿದ್ದಾಗ, ಅಡುಗೆ ಮಾಡುವ ಕೈ ಯಾರದು ಎಂದು ಗಿರಾಕಿಗೆ ಭರವಸೆ ಕೊಡುವ ಹೆಸರು ಅದು. ಎಷ್ಟೋ ಹೋಟೆಲುಗಳಲ್ಲಿ ಮೇಲುಜಾತಿಯವರಿಗೆ ಬೇರೆ ಕೋಣೆ, ಉಳಿದವರಿಗೆ ಬೇರೆ ಜಾಗ. ಕೆಲವರಿಗೆ ಬಾಗಿಲೇ ಇಲ್ಲ. ಮಾಂಸದೂಟ ಬೇಕಾದವರಿಗೆ ಮಿಲಿಟರಿ ಹೋಟೆಲುಗಳಿದ್ದವು. 1950ರ ಸಂವಿಧಾನ ತನ್ನ 15ನೇ ವಿಧಿಯಲ್ಲಿ ಅಂಗಡಿ, ಹೋಟೆಲುಗಳ ಪ್ರವೇಶವನ್ನು ಜಾತಿಯ ಕಾರಣಕ್ಕೆ ನಿರಾಕರಿಸಕೂಡದು ಎಂದು ಬರೆದದ್ದು ಸುಮ್ಮನೆ ಅಲ್ಲ. ಹೋಟೆಲಿನ ಹೊಸ್ತಿಲು ಸಂವಿಧಾನದವರೆಗೆ ಹೋದ ಪ್ರಶ್ನೆಯಾಗಿತ್ತು. 1980ರ ದಶಕದಲ್ಲಿ ಬಂದ ದರ್ಶಿನಿಗಳಲ್ಲಿ ಗುರುತಿಲ್ಲದವರು ಒಂದೇ ಮೇಜಿನ ಸುತ್ತ ನಿಂತು ತಿನ್ನುತ್ತಾರೆ. ಅದು ಸಹಜವೆಂದು ಇಂದು ತೋರುವುದರ ಹಿಂದೆ ಇಷ್ಟು ದೂರದ ಪ್ರಯಾಣವಿದೆ. ನಡಿಗೆಯಲ್ಲಿ ದೋಸೆಯ ಗರಿಗರಿಯನ್ನು ವರ್ಣಿಸಿ ಈ ಅಧ್ಯಾಯವನ್ನು ಬಿಟ್ಟರೆ ಹೇಳಿದ್ದು ಅರ್ಧ ಚರಿತ್ರೆ.

ಬೀದಿಯವರ ಹಕ್ಕು

ಹೋಟೆಲುಗಳಿಗಾದರೂ ಹೆಸರಿದೆ, ಸ್ಥಾಪನೆಯ ಇಸವಿಯಿದೆ, ಗೋಡೆಯ ಮೇಲೆ ಹಿರಿಯರ ಚಿತ್ರವಿದೆ. ತಳ್ಳುಗಾಡಿಯವರಿಗೆ ಅದೂ ಇಲ್ಲ. ಅವರೆಕಾಳಿನ ಕಾಲದಲ್ಲಿ ವಿಶ್ವೇಶ್ವರಪುರದ ತಿಂಡಿ ಬೀದಿಗೆ ಹೋದವರಿಗೆ ಕಾಳು ಬಿಡಿಸುವ, ಹಿತಕಿದ ಬೇಳೆ ಮಾಡುವ ಕೈಗಳ ಶ್ರಮ ತಿಳಿಯುತ್ತದೆ. ಬೀದಿ ಅಗಲವಾಗಬೇಕು, ಪಾದಚಾರಿ ಮಾರ್ಗ ತೆರವಾಗಬೇಕು ಎಂದಾಗ ಮೊದಲು ಎದ್ದು ಹೋಗಬೇಕಾದವರೂ ಇಂಥವರೇ. ನಡೆಯುವವರಿಗೆ ದಾರಿ ಬೇಕೆಂಬುದು ನ್ಯಾಯವೇ. ಆದರೆ ಮಾರುವವರನ್ನು ಬರಿಯ ಅಡಚಣೆಯೆಂದು ಎಣಿಸಿದರೆ ಊರಿನ ಚರಿತ್ರೆಯ ಒಂದು ಪುಟವನ್ನೇ ಹರಿದಂತಾಗುತ್ತದೆ.

ಇದು ಬರಿಯ ಭಾವುಕತೆಯ ಮಾತಲ್ಲ. ಸಂಸತ್ತು 2014ರಲ್ಲಿ ಬೀದಿ ವ್ಯಾಪಾರಿಗಳ ಜೀವನೋಪಾಯ ಸಂರಕ್ಷಣೆಯ ಕಾಯ್ದೆಯನ್ನು ಮಾಡಿತು. ಊರೂರಿಗೂ ಪಟ್ಟಣ ವ್ಯಾಪಾರ ಸಮಿತಿ ಇರಬೇಕು, ಅದರಲ್ಲಿ ಶೇಕಡ 40ಕ್ಕೆ ಕಡಿಮೆಯಿಲ್ಲದಂತೆ ಬೀದಿ ವ್ಯಾಪಾರಿಗಳೇ ಇರಬೇಕು, ಅವರಲ್ಲಿ ಮೂರನೇ ಒಂದು ಭಾಗ ಮಹಿಳೆಯರಿರಬೇಕು ಎಂದು ಅದು ಹೇಳುತ್ತದೆ. ಅದರ ಅನುಸೂಚಿಯಲ್ಲಿ ಇನ್ನೂ ಗಮನಾರ್ಹವಾದ ಸಾಲೊಂದಿದೆ: ಐವತ್ತು ವರ್ಷ ಮೀರಿ ಬೀದಿ ವ್ಯಾಪಾರ ನಡೆದುಬಂದಿರುವ ಸಹಜ ಮಾರುಕಟ್ಟೆಗಳನ್ನು ಪಾರಂಪರಿಕ ಮಾರುಕಟ್ಟೆಗಳೆಂದು ಘೋಷಿಸಬೇಕು, ಅಲ್ಲಿನ ವ್ಯಾಪಾರಿಗಳನ್ನು ಸ್ಥಳಾಂತರಿಸಕೂಡದು. ಪರಂಪರೆ ಎಂಬ ಮಾತು ಕೋಟೆ ಗೋಪುರಗಳಿಂದ ಇಳಿದು ತಳ್ಳುಗಾಡಿಯ ಬಳಿಗೆ ಬಂದದ್ದು ಈ ಸಾಲಿನಲ್ಲಿ.

ಆದರೆ ಐವತ್ತು ವರ್ಷವಾಯಿತೆಂದು ತೋರಿಸುವುದು ಹೇಗೆ? ಶಾಸನ ಹಾಕಿಸುವ ಶಕ್ತಿ ಸೊಪ್ಪು ಮಾರುವವಳಿಗಿಲ್ಲ. ಬಾಡಿಗೆ ಚೀಟಿ, ಪರವಾನಗಿ, ಹಳೆಯ ಫೋಟೊ ಯಾವುದೂ ಎಷ್ಟೋ ಮಂದಿಯ ಬಳಿ ಇಲ್ಲ. ಉಳಿದಿರುವುದು ನೆನಪು ಮಾತ್ರ. 1800ರಲ್ಲಿ ಮೈಸೂರು ಸೀಮೆಯನ್ನು ಸುತ್ತಿದ ಫ್ರಾನ್ಸಿಸ್ ಬುಕಾನನ್ ಬೆಂಗಳೂರಿನ ವ್ಯಾಪಾರಿಗಳನ್ನೂ ನೇಕಾರರನ್ನೂ ಕೇಳಿ ಕೇಳಿ ಬರೆದುಕೊಂಡ. 1807ರಲ್ಲಿ ಅಚ್ಚಾದ ಅವನ ಪ್ರವಾಸಕಥನ ಅಂದಿನ ಪೇಟೆಯನ್ನು ತಿಳಿಯಲು ಇಂದಿಗೂ ಆಧಾರ. ಆ ಕೆಲಸವನ್ನು ಇಂದು ಯಾರು ಮಾಡಬೇಕು?

ವಾರವಾರವೂ ಅದೇ ಬೀದಿಗಳಲ್ಲಿ ಹತ್ತಾರು ಜನರನ್ನು ಕರೆದುಕೊಂಡು ಹೋಗುವ ನಡಿಗೆಗಳಿಗೆ ಈ ಅವಕಾಶವಿದೆ. ತಿಂಡಿಗೆ ಹಣ ಕೊಟ್ಟು ಮುಂದೆ ಸಾಗುವ ಮೊದಲು, ಈ ಜಾಗದಲ್ಲಿ ಎಷ್ಟು ವರ್ಷದಿಂದ, ಯಾವ ಊರಿನಿಂದ ಬಂದದ್ದು, ಈ ಕೈಗುಣ ಯಾರಿಂದ ಕಲಿತದ್ದು ಎಂದು ಕೇಳಿ, ಒಪ್ಪಿಗೆ ಪಡೆದು ಬರೆದಿಟ್ಟರೆ ಸಾಕು. ಬೇಗೂರಿನ ಶಾಸನ ಉಳಿಯದಿದ್ದರೆ ಬೆಂಗಳೂರಿನ ಹೆಸರಿನ ಬಗ್ಗೆ ಮುದುಕಿಯ ಕಥೆಯೊಂದೇ ಗತಿಯಾಗುತ್ತಿತ್ತು. ಇಂದು ಕಾಳು ಬೇಯಿಸುತ್ತಿರುವವರ ಬಗ್ಗೆ ಮುಂದಿನವರಿಗೆ ಕಥೆ ಮಾತ್ರ ಉಳಿಯಬೇಕೋ, ದಾಖಲೆಯೂ ಉಳಿಯಬೇಕೋ ಎಂಬುದು ಈಗ ನಡೆಯುತ್ತಿರುವವರ ಕೈಯಲ್ಲಿದೆ.