ಬೆಂಗಳೂರಿನ ಬಂಡೆಗಳು: ಉಳಿದುದು ಹೇಗೆ, ಅಳಿದುದು ಏಕೆ

ಬೆಂಗಳೂರಿನ ದಂಡುಪ್ರದೇಶಕ್ಕೆ ಸೇರಿದ ಕುಕ್ ಟೌನಿನಲ್ಲಿ ಇಂದು ನೆಲದಿಂದೆದ್ದ ಬಂಡೆ ಕಣ್ಣಿಗೆ ಬೀಳುವುದು ಅಪರೂಪ. ಆದರೆ ಹಳೆಯ ಮನೆಗಳ ತಳಪಾಯದಲ್ಲಿ, ಮೆಟ್ಟಿಲುಗಳಲ್ಲಿ, ಅಂಗಳದ ಹಾಸುಗಲ್ಲುಗಳಲ್ಲಿ, ಅಲ್ಲಲ್ಲಿ ಉಳಿದುಬಂದಿರುವ ಚಪ್ಪಡಿಯ ಬೇಲಿಗಳಲ್ಲಿ ಕಲ್ಲು ಧಾರಾಳವಾಗಿದೆ. ಅದು ಬಹುಮಟ್ಟಿಗೆ ಈ ಪ್ರಸ್ಥಭೂಮಿಯದೇ ಕಲ್ಲು. ನೆಲದ ಮೇಲಿದ್ದ ಬಂಡೆ ಗೋಡೆಯ ಬುಡಕ್ಕೆ ಸರಿದುದು ಹೇಗೆ, ಕೆಲವು ಬಂಡೆಗಳು ಮಾತ್ರ ಇದ್ದಲ್ಲಿಯೇ ಉಳಿದುದು ಏಕೆ ಎಂಬ ಪ್ರಶ್ನೆಗಳನ್ನು ಭೂವಿಜ್ಞಾನಿ ಸಾಮಾನ್ಯವಾಗಿ ಎತ್ತುವುದಿಲ್ಲ. ಅವು ಚರಿತ್ರಕಾರನು ಉತ್ತರಿಸಬೇಕಾದವು. ಪ್ರಸ್ತುತ ಲೇಖನದ ಉದ್ದೇಶ ಇದೇ.

ಮೊದಲು ಶಿಲೆಯ ಪರಿಚಯ ಅವಶ್ಯಕ. ಬೆಂಗಳೂರಿನ ನೆಲದಡಿಯಲ್ಲಿರುವುದು ಮುಖ್ಯವಾಗಿ ಪೆನಿನ್ಸುಲರ್ ನೈಸ್ ಎಂಬ ಪಟ್ಟೆಪಟ್ಟೆಯಾದ ಶಿಲೆ. ಬೆಣಚು, ಫೆಲ್ಸ್ಪಾರ್‌ಗಳ ಬಿಳಿಯ ಪಟ್ಟೆಗಳೂ ಅಭ್ರಕವೇ ಮೊದಲಾದ ಖನಿಜಗಳ ಕಪ್ಪು ಪಟ್ಟೆಗಳೂ ಅದರಲ್ಲಿ ಹೆಣೆದುಕೊಂಡಿವೆ. 1894ರಲ್ಲಿ ಮೈಸೂರು ಸಂಸ್ಥಾನವು ತನ್ನದೇ ಭೂವಿಜ್ಞಾನ ಇಲಾಖೆಯನ್ನು ಸ್ಥಾಪಿಸಿ, ರಾಬರ್ಟ್ ಬ್ರೂಸ್ ಫೂಟ್ ಅವರನ್ನು ಅದರ ಮುಖ್ಯಸ್ಥರನ್ನಾಗಿ ನೇಮಿಸಿತು. ಅದೇ ಇಲಾಖೆಯ ಡಾ. ಡಬ್ಲ್ಯು. ಎಫ್. ಸ್ಮೀತ್ ಅವರು 1916ರಲ್ಲಿ ಈ ಶಿಲೆಗೆ ಮೇಲ್ಕಂಡ ಹೆಸರನ್ನಿತ್ತರು. ಲಾಲ್‌ಬಾಗಿನಲ್ಲಿರುವ ಬಂಡೆಯ ವಯಸ್ಸು ಸುಮಾರು 300 ಕೋಟಿ ವರ್ಷಗಳೆಂದು ಹೇಳಲಾಗಿದೆ. ನಗರದ ಪಶ್ಚಿಮಕ್ಕೆ, ರಾಮನಗರದ ಕಡೆಗೆ, ಇದನ್ನು ಸೀಳಿಕೊಂಡು ಮೇಲೆದ್ದ ಕ್ಲೋಸ್‌ಪೇಟ್ ಗ್ರಾನೈಟ್ ಇದಕ್ಕಿಂತ ಕಿರಿಯದು. ಅದರ ವಯಸ್ಸು ಸುಮಾರು 250 ಕೋಟಿ ವರ್ಷ. ರಾಮನಗರದ ಹಿಂದಿನ ಹೆಸರೇ ಕ್ಲೋಸ್‌ಪೇಟೆ.

ಈ ಶಿಲೆಗಳಿಗೆ ಒಂದು ವಿಶೇಷ ಗುಣವುಂಟು. ಭೂಮಿಯ ಆಳದಲ್ಲಿ ಮಹಾಭಾರದ ಅಡಿಯಲ್ಲಿ ಹುಟ್ಟಿದ ಇವು, ಮೇಲಿನ ಹೊದಿಕೆ ಯುಗಯುಗಗಳಲ್ಲಿ ಸವೆದುಹೋದಂತೆ ಹಿಗ್ಗಿ, ತಮ್ಮ ಮೈಗೆ ಸಮಾನಾಂತರವಾಗಿ ಬಿರಿಯುತ್ತವೆ. ಈರುಳ್ಳಿಯ ಸಿಪ್ಪೆಯಂತೆ ಪದರು ಪದರಾಗಿ ಕಳಚುತ್ತವೆ. ಸಾವನದುರ್ಗದ ನುಣುಪಾದ ಗುಂಡುಮೈಯೂ ಲಾಲ್‌ಬಾಗಿನ ಬಂಡೆಯ ಬಾಗಿದ ಬೆನ್ನೂ ಈ ಕ್ರಿಯೆಯ ಫಲ. ಪ್ರಕೃತಿಸೌಂದರ್ಯವೆಂದು ನಾವು ಮೆಚ್ಚುವ ರೂಪಕ್ಕೆ ಕಾರಣವಾದ ಗುಣ ಇದೇ.

ಇಲ್ಲಿ ಗಮನಿಸತಕ್ಕ ಸಂಗತಿಯೆಂದರೆ, ಬಂಡೆಯನ್ನು ಕಲ್ಲುಕುಟಿಗನ ಕೈಗೆ ಒಪ್ಪಿಸಿದ ಗುಣವೂ ಇದೇ. ಬೆಂಗಳೂರಿನ ಕಲ್ಲುಕುಟಿಗರು ಬೆಂಕಿಯಿಂದ ಬಂಡೆಯನ್ನು ಬಿಡಿಸುತ್ತಿದ್ದ ಕ್ರಮವನ್ನು 1895ರಲ್ಲಿ ಎಚ್. ವಾರ್ತ್ ಎಂಬವರು 'ನೇಚರ್' ಪತ್ರಿಕೆಯಲ್ಲಿ ವರ್ಣಿಸಿದರು. ಸಮತಟ್ಟಾದ ಬಂಡೆಯ ಮೇಲೆ ಸುಮಾರು 7 ಅಡಿ ಉದ್ದಕ್ಕೆ ಒಣಸೌದೆಯ ಸಾಲು ಹಚ್ಚುವರು. ಸುತ್ತಿಗೆಯಿಂದ ತಟ್ಟಿ ನೋಡಿ, ಬೆಂಕಿಯ ಮುಂದಿನ ಪದರು ತಾಯಿಬಂಡೆಯಿಂದ ಬಿಟ್ಟಿದೆಯೆಂದು ದನಿಯಿಂದಲೇ ತಿಳಿದು, ಉರಿಯನ್ನು ಕೆಲವೇ ಅಂಗುಲ ಮುಂದಕ್ಕೆ ತಳ್ಳುವರು. ಹೀಗೆ ಸಾಗುತ್ತ ಉರಿಯ ಸಾಲು ಬಿಲ್ಲಿನಂತೆ ಬಾಗಿ ಸುಮಾರು 25 ಅಡಿಯವರೆಗೂ ಬೆಳೆಯುತ್ತಿತ್ತು. ಮದ್ದಿನ ಸಿಡಿತವಿಲ್ಲದೆಯೇ 60 ಅಡಿ ಉದ್ದ, 40 ಅಡಿ ಅಗಲ, ಅರ್ಧ ಅಡಿ ದಪ್ಪದ ಹಾಳೆಗಳು ಬಿಡಿಸಿ ಬರುತ್ತಿದ್ದುವು. ಇಂಥ ಕೌಶಲವನ್ನು ತಲೆಮಾರುಗಳಿಂದ ಸಾಧಿಸಿದ ಕೈಗಳ ಹೆಸರುಗಳು ಮಾತ್ರ ಆ ವರ್ಣನೆಯ ಮೂಲಕ ನಮಗೆ ಪ್ರಸಿದ್ಧವಾಗಲಿಲ್ಲ.

ಈ ಕೌಶಲಕ್ಕೆ ಬೇಡಿಕೆಯನ್ನು ಒದಗಿಸಿದುದು ನಗರದ ಬೆಳವಣಿಗೆ. 1809ರಲ್ಲಿ ಹಲಸೂರಿನ ಬಳಿ ದಂಡು ನೆಲೆಗೊಂಡಿತು. 1881ರಲ್ಲಿ ಮೈಸೂರು ಸಂಸ್ಥಾನವು ಒಡೆಯರಿಗೆ ಮರಳಿದಾಗಲೂ ಆ ಪ್ರದೇಶ ಬ್ರಿಟಿಷರ ಆಡಳಿತದಲ್ಲಿಯೇ ಉಳಿದು, 1947ರಲ್ಲಿ ಮೈಸೂರಿಗೆ ಮರಳಿತು. 1898ರ ಪ್ಲೇಗಿನ ತರುವಾಯ, ಇಕ್ಕಟ್ಟಾದ ಕೇರಿಗಳಿಂದ ಜನರನ್ನು ಹೊರಕ್ಕೆ ತರುವ ಆಲೋಚನೆ ಬಲಗೊಂಡು ಫ್ರೇಜರ್ ಟೌನ್, ಕುಕ್ ಟೌನ್ ಮೊದಲಾದ ಬಡಾವಣೆಗಳು ಇಪ್ಪತ್ತನೆಯ ಶತಮಾನದ ಮೊದಲ ದಶಕಗಳಲ್ಲಿ ರೂಪುಗೊಂಡುವು. ಮನೆಗೆ ತಳಪಾಯ, ರಸ್ತೆಗೆ ಜಲ್ಲಿ, ಚರಂಡಿಗೆ ಚಪ್ಪಡಿ ಎಲ್ಲವೂ ಕಲ್ಲನ್ನು ಬೇಡಿದುವು. 1956ರಲ್ಲಿ ಪೂರ್ಣಗೊಂಡ ವಿಧಾನಸೌಧವೂ ಈ ನಾಡಿನ ಕಲ್ಲಿನಲ್ಲಿಯೇ ಎದ್ದ ಕಟ್ಟಡ. ಆದುದರಿಂದ ಕಲ್ಲುಗಣಿಯನ್ನು ಕೇವಲ ನಾಶವೆಂದು ನಿಂದಿಸುವುದು ನ್ಯಾಯವಲ್ಲ. ನಗರವು ತನ್ನ ಬಂಡೆಗಳಿಂದಲೇ ತನ್ನನ್ನು ಕಟ್ಟಿಕೊಂಡಿತು.

ಹಾಗಾದರೆ ಉಳಿದ ಬಂಡೆಗಳು ಉಳಿದುದು ಹೇಗೆ? ಕೆಂಪೇಗೌಡರ ವಂಶದ ಹೆಸರಿನೊಡನೆ ಬೆಸೆದ ನಾಲ್ಕು ಗೋಪುರಗಳಲ್ಲಿ ಎರಡನ್ನು ಇಲ್ಲಿ ಪರಿಶೀಲಿಸಬಹುದು. ಕುಕ್ ಟೌನಿಗೆ ಸಮೀಪದ್ದು ಹಲಸೂರು ಕೆರೆಯ ಬಳಿಯ ಗೋಪುರ. ಅದು ನಿಂತಿರುವ ಬಂಡೆ ಸೇನೆಯ ಆವರಣದೊಳಗಿದೆ. ಗೋಪುರದ ಗೌರವವೂ ಆವರಣದ ಕಾವಲೂ ಸೇರಿ ಅದನ್ನು ಉಳಿಸಿವೆ. ಎರಡನೆಯದು ಲಾಲ್‌ಬಾಗಿನದು. ಹೈದರಾಲಿಯು 1760ರ ಸುಮಾರಿಗೆ ಆರಂಭಿಸಿದ ಈ ತೋಟದೊಳಗೆ ಬಂಡೆಯು ಮೊದಲಿನಿಂದಲೂ ಇರಲಿಲ್ಲ. 1891ರಲ್ಲಿ ಗೋಪುರಸಮೇತವಾಗಿ ಸುಮಾರು 13 ಎಕರೆ ನೆಲವನ್ನು ತೋಟಕ್ಕೆ ಸೇರಿಸಿಕೊಂಡಾಗ ಅದು ಒಳಗಾಯಿತು. ಭಾರತೀಯ ಭೂವೈಜ್ಞಾನಿಕ ಸರ್ವೇಕ್ಷಣ ಸಂಸ್ಥೆಯು ಅದನ್ನು ರಾಷ್ಟ್ರೀಯ ಭೂವೈಜ್ಞಾನಿಕ ಸ್ಮಾರಕವೆಂದು ಘೋಷಿಸಿದುದು 1975ರಲ್ಲಿ. ಅಂದರೆ ವಿಜ್ಞಾನದ ಫಲಕ ಬರುವುದಕ್ಕೆ 84 ವರ್ಷ ಮೊದಲೇ ತೋಟದ ಎಲ್ಲೆ ಬಂಡೆಯನ್ನು ಕಾಪಾಡಿತ್ತು. ತೋಟಕ್ಕೂ ಮೊದಲು ಗೋಪುರ ಕಾಪಾಡಿತ್ತು.

ನಗರದ ಹೊರಗೂ ಇದೇ ನಿಯಮ ಕಾಣುತ್ತದೆ. ಸಾವನದುರ್ಗಕ್ಕೆ ಕೋಟೆ, ಕಾಡು, ದೇವಾಲಯಗಳ ಆಶ್ರಯ ದೊರೆತಿದೆ. ರಾಮನಗರದ ರಾಮದೇವರ ಬೆಟ್ಟಕ್ಕೆ ದೇವರ ಹೆಸರಿತ್ತು. 2012ರಲ್ಲಿ ಅದು ರಣಹದ್ದುಗಳ ಅಭಯಧಾಮವಾಯಿತು. ಬನ್ನೇರುಘಟ್ಟದ ಗುಡ್ಡಗಳು 1974ರಲ್ಲಿ ರಾಷ್ಟ್ರೀಯ ಉದ್ಯಾನವಾದುವು. ಅದು ವನ್ಯಮೃಗಗಳ ನಿಮಿತ್ತ. ಎಲ್ಲೆಡೆಯೂ ಬಂಡೆಯು ಮತ್ತೊಂದರ ನೆರಳಿನಲ್ಲಿ ಬದುಕಿದೆ: ದೇವರು, ದೊರೆ, ದಂಡು, ತೋಟ, ಹಕ್ಕಿ, ಮೃಗ. ಬಂಡೆಯನ್ನು ಬಂಡೆಯೆಂದೇ ಗೌರವಿಸಿ ಉಳಿಸಿದ ನಿದರ್ಶನಗಳು ವಿರಳ.

ಅಂಥ ಗೌರವ ಸಂದ ಸ್ಥಳಗಳು ಇಲ್ಲವೆಂದಲ್ಲ. ಲಾಲ್‌ಬಾಗಲ್ಲದೆ ಚಿತ್ರದುರ್ಗದ ಬಳಿಯ ಮರಡಿಹಳ್ಳಿಯ ದಿಂಬುಲಾವಾ, ಕೋಲಾರ ಪ್ರದೇಶದ ಪೆದಪಲ್ಲಿಯ ಜ್ವಾಲಾಮುಖಿಜ ಶಿಲೆಗಳು, ಉಡುಪಿಯ ಕಡಲಿನ ಸೇಂಟ್ ಮೇರಿಸ್ ದ್ವೀಪದ ಕಂಬಗಲ್ಲುಗಳು ಕರ್ನಾಟಕದ ರಾಷ್ಟ್ರೀಯ ಭೂವೈಜ್ಞಾನಿಕ ಸ್ಮಾರಕಗಳು. ಕಡೆಯದು ಭಾರತವು ಮಡಗಾಸ್ಕರಿನಿಂದ ಅಗಲಿದ ಕಾಲಕ್ಕೆ ಸಾಕ್ಷಿಯಾದ ಲಾವಾ. ಆದರೆ ಘೋಷಣೆಯೊಂದೇ ಕಾನೂನಿನ ಬಲವಲ್ಲ. ಇಂಥ ಸ್ಥಳಗಳಿಗಾಗಿಯೇ ಒಂದು ಮಸೂದೆಯ ಕರಡನ್ನು ಕೇಂದ್ರ ಗಣಿ ಮಂತ್ರಾಲಯವು 2022ರಲ್ಲಷ್ಟೇ ಪ್ರಕಟಿಸಿತು. ಇದಲ್ಲದೆ, ಒಂದು ಬಂಡೆಗೆ ಫಲಕ ಹಾಕಿದೊಡನೆ ಉಳಿದವುಗಳಿಗೆ ಬೆಲೆಯಿಲ್ಲವೆಂಬ ಭಾವನೆ ಹುಟ್ಟುವ ಅಪಾಯವೂ ಉಂಟು. ಲಾಲ್‌ಬಾಗಿನ ಬಂಡೆ ತನ್ನ ಜಾತಿಯಲ್ಲಿ ಏಕಾಕಿಯಲ್ಲ. ಒಡೆಯದೆ ಉಳಿದ ಕೆಲವುಗಳಲ್ಲಿ ಒಂದು.

ಹಳೆಯ ನೆರಳುಗಳನ್ನು ಇನ್ನು ಮುಂದೆ ನಂಬಿ ಕುಳಿತಿರಲಾಗದು. ಬೆಂಕಿಯನ್ನು ಅಂಗುಲ ಅಂಗುಲವಾಗಿ ತಳ್ಳುತ್ತಿದ್ದ ಕಾಲದಲ್ಲಿ ಬಂಡೆ ಕರಗುವುದಕ್ಕೆ ತಲೆಮಾರುಗಳು ಬೇಕಾಗಿದ್ದುವು. ಯಂತ್ರಕ್ಕೆ ಅಷ್ಟು ಕಾಲ ಬೇಡ. ಗೋಪುರವಾಗಲಿ ಗುಡಿಯಾಗಲಿ ಇಲ್ಲದ ಬಂಡೆಗೆ ಈಗ ಉಳಿದಿರುವ ರಕ್ಷಣೆಯೆಂದರೆ ಅದನ್ನು ಬಲ್ಲವರ ತಿಳಿವಳಿಕೆ. ಶಾಸನಗಳನ್ನು ಹುಡುಕಿ ಹಳ್ಳಿ ಹಳ್ಳಿ ಅಲೆದು ಪ್ರತಿಯೆತ್ತಿದ ಪರಂಪರೆ ನಮ್ಮ ನಾಡಿನಲ್ಲಿದೆ. ಅದೇ ಶ್ರದ್ಧೆಯಿಂದ ಕಾಲೇಜಿನ ಚರಿತ್ರೆ ಮತ್ತು ಭೂವಿಜ್ಞಾನ ವಿಭಾಗಗಳು ಕೂಡಿ, ತಮ್ಮ ಸುತ್ತಣ ಬಂಡೆಗಳನ್ನೂ ನೀರು ತುಂಬಿದ ಹಳೆಯ ಕಲ್ಲುಗಣಿಗಳನ್ನೂ ಪಟ್ಟಿಮಾಡಬಹುದು. ಕಲ್ಲುಕುಟಿಗ ಮನೆತನಗಳ ಹಿರಿಯರಿಂದ ಕೆಲಸದ ಮಾತುಗಳನ್ನೂ ಕ್ರಮಗಳನ್ನೂ ಬರೆದುಕೊಳ್ಳಬಹುದು. ವಿದ್ಯಾರ್ಥಿಗಳು ಈ ಕೆಲಸವನ್ನು ದೂರದ ಬೆಟ್ಟದಿಂದ ಆರಂಭಿಸಬೇಕಾಗಿಲ್ಲ. ಕುಕ್ ಟೌನಿನ ಹಳೆಯ ಮನೆಯೊಂದರ ಮೆಟ್ಟಿಲುಗಲ್ಲಿನ ಪಟ್ಟೆಗಳನ್ನು ಗುರುತಿಸಿ, ಅನಂತರ ಲಾಲ್‌ಬಾಗಿನ ಬಂಡೆಯೊಡನೆ ಹೋಲಿಸಿ ನೋಡುವುದೇ ಮೊದಲ ಪಾಠವಾದೀತು.