ಮನೆ ಮುಂದಿನ ರಸ್ತೆ ಯಾರದು? ನಿವಾಸಿ ವಾಹನ ನಿಲುಗಡೆ ಪರವಾನಗಿ: ಒಂದು ಪರಿಚಯ

ಬೀದರ್: ಮನೆಯ ಮುಂದಿನ ಜಾಗದಲ್ಲಿ ಯಾರ ವಾಹನ ನಿಲ್ಲಬೇಕು ಎಂಬ ಪ್ರಶ್ನೆಯು ಇಂದು ಮಹಾನಗರಗಳಿಗಷ್ಟೇ ಸೀಮಿತವಾಗಿ ಉಳಿದಿಲ್ಲ. ಬೀದರ್ ನಗರದ ಹಳೆಯ ಓಣಿಗಳಲ್ಲಿ, ಭಾಲ್ಕಿಯ ಮಾರುಕಟ್ಟೆಯ ಆಸುಪಾಸಿನಲ್ಲಿ, ಔರಾದ್ ಪಟ್ಟಣದ ಮುಖ್ಯ ರಸ್ತೆಯ ಬದಿಯಲ್ಲಿಯೂ ಅದು ನೆರೆಹೊರೆಯವರ ನಡುವಿನ ಮನಸ್ತಾಪಕ್ಕೆ ಕಾರಣವಾಗುತ್ತಿದೆ. ಕೆಲವರು ರಸ್ತೆಯ ಮೇಲೆ ಕಲ್ಲು, ಹೂಕುಂಡಗಳನ್ನಿಟ್ಟು ಜಾಗ ಕಾಯ್ದಿರಿಸುತ್ತಾರೆ. ಕೆಲವರು ಗೇಟಿಗೆ 'ಇಲ್ಲಿ ವಾಹನ ನಿಲ್ಲಿಸಬಾರದು' ಎಂಬ ಫಲಕ ತೂಗುಹಾಕುತ್ತಾರೆ. ಇಂತಹ ಜಾಗವನ್ನು ಕ್ರಮಬದ್ಧವಾಗಿ ಹಂಚಲು ಜಗತ್ತಿನ ಅನೇಕ ನಗರಗಳು 'ನಿವಾಸಿ ನಿಲುಗಡೆ ಪರವಾನಗಿ' ಎಂಬ ವಿಧಾನವನ್ನು ಅನುಸರಿಸುತ್ತಿವೆ. ಕರ್ನಾಟಕದಲ್ಲಿ ಬೆಂಗಳೂರು ನಗರಕ್ಕಾಗಿ ರೂಪಿಸಲಾದ ನೀತಿಯಲ್ಲಿಯೂ ಇದಕ್ಕೆ ಸ್ಥಾನ ದೊರೆತಿದೆ. ಈ ಪರವಾನಗಿ ಎಂದರೇನು, ಅದು ಹೇಗೆ ಕೆಲಸ ಮಾಡುತ್ತದೆ, ಬೀದರ್ ಜಿಲ್ಲೆಯ ಪಟ್ಟಣಗಳಿಗೆ ಅದು ಎಷ್ಟರಮಟ್ಟಿಗೆ ಹೊಂದುತ್ತದೆ ಎಂಬುದರ ವಿವರ ಇಲ್ಲಿದೆ.

ಪರವಾನಗಿ ಎಂದರೇನು?

ಸಾರ್ವಜನಿಕ ರಸ್ತೆಯ ಬದಿಯಲ್ಲಿ ಗುರುತಿಸಲಾದ ಜಾಗದಲ್ಲಿ ನಿರ್ದಿಷ್ಟ ವಾಹನವನ್ನು ನಿರ್ದಿಷ್ಟ ಅವಧಿಯವರೆಗೆ ನಿಲ್ಲಿಸಲು ಆ ಬಡಾವಣೆಯ ನಿವಾಸಿಗೆ ಸ್ಥಳೀಯ ಆಡಳಿತವು ನೀಡುವ ಅನುಮತಿಯೇ ನಿವಾಸಿ ನಿಲುಗಡೆ ಪರವಾನಗಿ. ಇದಕ್ಕೆ ಸಾಮಾನ್ಯವಾಗಿ ವಾರ್ಷಿಕ ಶುಲ್ಕವಿರುತ್ತದೆ.

ಇಲ್ಲಿ ಮುಖ್ಯವಾಗಿ ಗಮನಿಸಬೇಕಾದ ಅಂಶವೊಂದಿದೆ. ಪರವಾನಗಿ ಪಡೆದವರಿಗೆ ರಸ್ತೆಯ ಮೇಲೆ ಒಡೆತನ ಲಭಿಸುವುದಿಲ್ಲ. ಬಹುತೇಕ ನಗರಗಳಲ್ಲಿ ತಮ್ಮ ಮನೆಯ ಎದುರಿನ ಜಾಗವೇ ದೊರೆಯುತ್ತದೆ ಎಂಬ ಖಾತರಿಯೂ ಇರುವುದಿಲ್ಲ. ವಲಯದೊಳಗೆ ಖಾಲಿ ಇರುವ ಯಾವುದಾದರೂ ಗುರುತಿಸಿದ ಜಾಗದಲ್ಲಿ ವಾಹನ ನಿಲ್ಲಿಸುವ ಅವಕಾಶವಷ್ಟೇ ದೊರೆಯುತ್ತದೆ. ಮನೆಯ ಮುಂದಿನ ರಸ್ತೆ ಮನೆಯವರದೇ ಎಂಬ ನಂಬಿಕೆಗೆ ಕಾನೂನಿನಲ್ಲಿ ಆಧಾರವಿಲ್ಲ. ಆಸ್ತಿ ತೆರಿಗೆಯು ನಿವೇಶನ ಮತ್ತು ಕಟ್ಟಡಕ್ಕೆ ಸಂಬಂಧಿಸಿದ್ದೇ ಹೊರತು ಅದರಾಚೆಯ ರಸ್ತೆಗೆ ಸಂಬಂಧಿಸಿದ್ದಲ್ಲ.

ಕಾರ್ಯವಿಧಾನ ಹೇಗೆ?

ಪರವಾನಗಿ ಪದ್ಧತಿ ಜಾರಿಯಲ್ಲಿರುವ ನಗರಗಳಲ್ಲಿ ಸಾಮಾನ್ಯವಾಗಿ ನಾಲ್ಕು ಹಂತಗಳಿರುತ್ತವೆ.

ಮೊದಲನೆಯದು, ವಲಯ ಗುರುತಿಸುವಿಕೆ. ಕೆಲವು ರಸ್ತೆಗಳನ್ನು ಒಂದು ವಲಯವೆಂದು ಘೋಷಿಸಿ, ಅದರಲ್ಲಿ ಎಷ್ಟು ವಾಹನ ನಿಲ್ಲಬಹುದೆಂದು ಎಣಿಸಲಾಗುತ್ತದೆ. ಒಂದು ಕಾರಿಗೆ ಸಾಮಾನ್ಯವಾಗಿ 2.5 ಮೀಟರ್ ಅಗಲ, 5 ಮೀಟರ್ ಉದ್ದದ ಜಾಗವನ್ನು ಲೆಕ್ಕ ಹಾಕುತ್ತಾರೆ. ಅಂದರೆ 12.5 ಚದರ ಮೀಟರ್. ಹೆಚ್ಚು ಕಡಿಮೆ ಮನೆಯ ಒಂದು ಕೋಣೆಯಷ್ಟು ಸ್ಥಳ.

ಎರಡನೆಯದು, ಅರ್ಹತೆಯ ಪರಿಶೀಲನೆ. ಅರ್ಜಿದಾರರು ಅದೇ ವಲಯದಲ್ಲಿ ವಾಸವಿರುವುದಕ್ಕೆ ದಾಖಲೆ, ವಾಹನದ ನೋಂದಣಿ ಪ್ರಮಾಣಪತ್ರ ಮೊದಲಾದವುಗಳನ್ನು ಒದಗಿಸಬೇಕಾಗುತ್ತದೆ. ಸ್ವಂತ ಆವರಣದಲ್ಲಿ ನಿಲುಗಡೆ ಸೌಲಭ್ಯ ಇಲ್ಲದವರಿಗೆ ಕೆಲವೆಡೆ ಆದ್ಯತೆ ನೀಡಲಾಗುತ್ತದೆ.

ಮೂರನೆಯದು, ಶುಲ್ಕ ನಿಗದಿ. ವಾಹನ ದೊಡ್ಡದಾದಷ್ಟೂ ಶುಲ್ಕ ಹೆಚ್ಚು. ಅನೇಕ ನಗರಗಳಲ್ಲಿ ಒಂದೇ ಮನೆಯ ಎರಡನೆಯ ವಾಹನಕ್ಕೆ ಮೊದಲನೆಯದಕ್ಕಿಂತ ಅಧಿಕ.

ನಾಲ್ಕನೆಯದು, ತಪಾಸಣೆ. ಪರವಾನಗಿ ಇಲ್ಲದ ವಾಹನಕ್ಕೆ ದಂಡ ವಿಧಿಸುವ ವ್ಯವಸ್ಥೆ ಇಲ್ಲದಿದ್ದರೆ ಮೊದಲ ಮೂರು ಹಂತಗಳೂ ಕಾಗದದ ಮೇಲೆಯೇ ಉಳಿಯುತ್ತವೆ. ಅತಿಥಿಗಳಿಗೆ, ಸರಕು ಇಳಿಸುವ ವಾಹನಗಳಿಗೆ ಅಲ್ಪಾವಧಿಯ ಅನುಮತಿ ಇರುತ್ತದೆ. ಆಂಬುಲೆನ್ಸ್ ಹಾಗೂ ಅಗ್ನಿಶಾಮಕ ವಾಹನಗಳಿಗೆ ಪರವಾನಗಿಯ ನಿರ್ಬಂಧ ಅನ್ವಯಿಸುವುದಿಲ್ಲ.

ಬೆಂಗಳೂರಿನ ನೀತಿ

ರಾಜ್ಯದಲ್ಲಿ ನಗರ ಸಾರಿಗೆಯ ಯೋಜನೆಗಾಗಿ 2007ರಲ್ಲಿ ನಗರ ಭೂ ಸಾರಿಗೆ ನಿರ್ದೇಶನಾಲಯ ಸ್ಥಾಪನೆಯಾಯಿತು. ಈ ನಿರ್ದೇಶನಾಲಯವು ಸಿದ್ಧಪಡಿಸಿದ 'ಪಾರ್ಕಿಂಗ್ ನೀತಿ 2.0'ಕ್ಕೆ ಸರ್ಕಾರ 2021ರ ಫೆಬ್ರುವರಿಯಲ್ಲಿ ಅನುಮೋದನೆ ನೀಡಿತು. ವಸತಿ ಪ್ರದೇಶದ ರಸ್ತೆಬದಿಯಲ್ಲಿ ವಾಹನ ನಿಲ್ಲಿಸಲು ವಾರ್ಷಿಕ ಪರವಾನಗಿ ಪಡೆಯಬೇಕೆಂಬ ಪ್ರಸ್ತಾವ ಅದರಲ್ಲಿದೆ. ಸಣ್ಣ ಕಾರಿಗೆ ವರ್ಷಕ್ಕೆ 1,000 ರೂಪಾಯಿ, ಮಧ್ಯಮ ಗಾತ್ರದ ಕಾರಿಗೆ 3,000ದಿಂದ 4,000 ರೂಪಾಯಿ, ಎಸ್‌ಯುವಿಯಂತಹ ದೊಡ್ಡ ವಾಹನಕ್ಕೆ 5,000 ರೂಪಾಯಿ ಎಂದು ಸೂಚಿಸಲಾಗಿತ್ತು.

ಈ ಮೊತ್ತವನ್ನು ದಿನಕ್ಕೆ ಭಾಗಿಸಿದರೆ ಸಣ್ಣ ಕಾರಿಗೆ 3 ರೂಪಾಯಿಗಿಂತ ಕಡಿಮೆ, ದೊಡ್ಡ ವಾಹನಕ್ಕೆ 14 ರೂಪಾಯಿಗಿಂತ ಕಡಿಮೆಯಾಗುತ್ತದೆ. ಆದರೂ 'ರಸ್ತೆ ತೆರಿಗೆ ಕಟ್ಟಿದ ಮೇಲೆ ಮತ್ತೇಕೆ ಶುಲ್ಕ?' ಎಂಬ ಆಕ್ಷೇಪ ವ್ಯಾಪಕವಾಗಿ ಕೇಳಿಬಂತು. ಅನುಮೋದನೆ ದೊರೆತು ವರ್ಷಗಳು ಕಳೆದರೂ ಬಡಾವಣೆಗಳಲ್ಲಿ ಪರವಾನಗಿ ವಿತರಣೆ ವ್ಯಾಪಕವಾಗಿ ಕಾರ್ಯರೂಪಕ್ಕೆ ಬರಲಿಲ್ಲ. ಜಾಗದ ಗುರುತು, ವಾಹನಗಳ ಎಣಿಕೆ, ದಂಡ ವಿಧಿಸುವ ಸಿಬ್ಬಂದಿ ಇವು ಮೂರೂ ಒಟ್ಟಿಗೆ ಸಿದ್ಧವಾಗದೆ ಪರವಾನಗಿ ಚೀಟಿಯೊಂದರಿಂದಲೇ ಪ್ರಯೋಜನವಿಲ್ಲ ಎಂಬುದು ಇದರಿಂದ ಇತರ ಊರುಗಳು ಕಲಿಯಬಹುದಾದ ಪಾಠ.

ಇತರೆಡೆಯ ಅನುಭವ

ಅಮೆರಿಕದ ರಾಜಧಾನಿ ವಾಷಿಂಗ್ಟನ್‌ಗೆ ಹೊಂದಿಕೊಂಡಿರುವ ಆರ್ಲಿಂಗ್ಟನ್ ಕೌಂಟಿಯಲ್ಲಿ, ಕಚೇರಿಗಳಿಗೆ ಬರುವವರು ಸಮೀಪದ ವಸತಿ ಬೀದಿಗಳಲ್ಲಿ ಕಾರು ನಿಲ್ಲಿಸಿ ಹೋಗುತ್ತಿದ್ದರು. ಕೆಲಸದ ದಿನಗಳ ಹಗಲಿನಲ್ಲಿ ಆ ಬೀದಿಗಳನ್ನು ನಿವಾಸಿಗಳಿಗೆ ಮೀಸಲಿಟ್ಟ ಸ್ಥಳೀಯ ಆಡಳಿತದ ಕ್ರಮವನ್ನು ನ್ಯಾಯಾಲಯದಲ್ಲಿ ಪ್ರಶ್ನಿಸಲಾಯಿತು. 1977ರಲ್ಲಿ ಅಲ್ಲಿನ ಸುಪ್ರೀಂ ಕೋರ್ಟ್ ಈ ಕ್ರಮವನ್ನು ಎತ್ತಿಹಿಡಿಯಿತು. ನಿವಾಸಿಗಳ ನೆಮ್ಮದಿ ಹಾಗೂ ಪರಿಸರದ ರಕ್ಷಣೆಗಾಗಿ ಇಂತಹ ವ್ಯತ್ಯಾಸ ಮಾಡುವುದು ಸಮಾನತೆಯ ತತ್ವಕ್ಕೆ ವಿರುದ್ಧವಲ್ಲ ಎಂಬುದು ತೀರ್ಪಿನ ಸಾರ.

ಜಪಾನ್ ಇನ್ನೊಂದು ಮಾರ್ಗ ಹಿಡಿಯಿತು. 1962ರ ಕಾನೂನಿನ ಪ್ರಕಾರ ಕಾರು ಹೊಂದುವವರು ಅದನ್ನು ನಿಲ್ಲಿಸಲು ರಸ್ತೆಯ ಹೊರಗೆ ಸ್ಥಳವಿದೆ ಎಂಬುದಕ್ಕೆ ಪೊಲೀಸರಿಂದ ಪ್ರಮಾಣಪತ್ರ ಪಡೆಯಬೇಕು. ಈಗಿನ ನಿಯಮದಂತೆ ಆ ಸ್ಥಳವು ಮನೆಯಿಂದ 2 ಕಿಲೋಮೀಟರ್ ಒಳಗಿರಬೇಕು.

ನಮ್ಮ ದೇಶದಲ್ಲಿ ದೆಹಲಿಯು 2019ರಲ್ಲಿ ನಿಲುಗಡೆ ಸ್ಥಳಗಳ ನಿರ್ವಹಣೆಗೆ ಪ್ರತ್ಯೇಕ ನಿಯಮಾವಳಿಯನ್ನು ಅಧಿಸೂಚಿಸಿತು. ಪ್ರದೇಶವಾರು ನಿಲುಗಡೆ ಯೋಜನೆ ರೂಪಿಸುವುದು, ತುರ್ತು ಸೇವೆಯ ವಾಹನಗಳು ಅಡೆತಡೆಯಿಲ್ಲದೆ ಸಾಗುವಂತೆ ನೋಡಿಕೊಳ್ಳುವುದು ಅದರ ಮುಖ್ಯ ಅಂಶಗಳು.

ಬೀದರ್, ಭಾಲ್ಕಿ, ಔರಾದ್: ಈಗ ಅನ್ವಯಿಸುವ ಕಾನೂನು

ಬೀದರ್ ನಗರ, ಭಾಲ್ಕಿ ಪುರಸಭೆ, ಔರಾದ್ ಪಟ್ಟಣ ಪಂಚಾಯಿತಿ ವ್ಯಾಪ್ತಿಗಳಲ್ಲಿ ನಿವಾಸಿ ಪರವಾನಗಿ ಪದ್ಧತಿ ಇಲ್ಲ. ಬೆಂಗಳೂರಿನ ನೀತಿ ಈ ಊರುಗಳಿಗೆ ತಾನಾಗಿಯೇ ಅನ್ವಯಿಸುವುದಿಲ್ಲ. ಹಾಗೆಂದು ಇಲ್ಲಿ ನಿಯಮಗಳೇ ಇಲ್ಲವೆಂದು ಭಾವಿಸುವುದು ತಪ್ಪು.

1988ರ ಮೋಟಾರು ವಾಹನ ಕಾಯ್ದೆಯ 117ನೇ ಕಲಂ ವಾಹನ ನಿಲುಗಡೆ ಸ್ಥಳಗಳನ್ನು ನಿರ್ಧರಿಸುವ ಅಧಿಕಾರದ ಮೂಲ. ಸಂಬಂಧಿಸಿದ ಸ್ಥಳೀಯ ಸಂಸ್ಥೆಯೊಡನೆ ಸಮಾಲೋಚಿಸಿ ಈ ಅಧಿಕಾರ ಚಲಾಯಿಸಬೇಕು. ಸಂಚಾರ ನಿರ್ಬಂಧಕ್ಕೆ 115ನೇ ಕಲಂ, ಸಂಚಾರ ಫಲಕಗಳಿಗೆ 116ನೇ ಕಲಂ ಇವೆ. ಜಿಲ್ಲಾ ಕೇಂದ್ರಗಳಲ್ಲಿ ಜಿಲ್ಲಾಧಿಕಾರಿಗಳು ಈ ಕಲಂಗಳ ಜೊತೆಗೆ 1989ರ ಕರ್ನಾಟಕ ಮೋಟಾರು ವಾಹನಗಳ ನಿಯಮಾವಳಿಯ 221(ಎ)(5) ನಿಯಮವನ್ನು ಉಲ್ಲೇಖಿಸಿ ನಿಲುಗಡೆ ನಿಷೇಧ, ಏಕಮುಖ ಸಂಚಾರ ಮುಂತಾದ ಅಧಿಸೂಚನೆಗಳನ್ನು ಹೊರಡಿಸುವುದು ವಾಡಿಕೆ.

ಅಪಾಯಕಾರಿಯಾಗಿ ಅಥವಾ ಸಂಚಾರಕ್ಕೆ ಅಡ್ಡಿಯಾಗುವಂತೆ ವಾಹನ ಬಿಟ್ಟುಹೋಗುವುದನ್ನು 122ನೇ ಕಲಂ ನಿಷೇಧಿಸುತ್ತದೆ. ಸಾರ್ವಜನಿಕ ಸ್ಥಳದಲ್ಲಿ 10 ಗಂಟೆ ಅಥವಾ ಅದಕ್ಕಿಂತ ಹೆಚ್ಚು ಕಾಲ ವಾರಸುದಾರರಿಲ್ಲದೆ ಬಿಟ್ಟ ವಾಹನವನ್ನು, ನಿಷೇಧಿತ ಸ್ಥಳದಲ್ಲಿ ನಿಲ್ಲಿಸಿದ ವಾಹನವನ್ನು ಸಮವಸ್ತ್ರದಲ್ಲಿರುವ ಪೊಲೀಸ್ ಅಧಿಕಾರಿಯ ಆದೇಶದ ಮೇಲೆ ತೆರವುಗೊಳಿಸಲು 127ನೇ ಕಲಂ ಅವಕಾಶ ನೀಡುತ್ತದೆ. ತೆರವಿನ ವೆಚ್ಚವನ್ನು ವಾಹನದ ಮಾಲೀಕರೇ ಭರಿಸಬೇಕು. ಪಾದಚಾರಿ ಮಾರ್ಗ, ರಸ್ತೆ ತಿರುವು, ಕೂಡುರಸ್ತೆಯ ಸಮೀಪ ಹಾಗೂ ಇತರರ ಆವರಣದ ಪ್ರವೇಶಕ್ಕೆ ಅಡ್ಡಿಯಾಗುವಲ್ಲಿ ವಾಹನ ನಿಲ್ಲಿಸಬಾರದೆಂದು 2017ರ ವಾಹನ ಚಾಲನಾ ನಿಬಂಧನೆಗಳು ಹೇಳುತ್ತವೆ.

ಹೀಗಾಗಿ ಗೇಟಿನ ಎದುರು ವಾಹನ ನಿಲ್ಲಿಸಿ ದಾರಿ ಕಟ್ಟಿದವರ ವಿರುದ್ಧ ದೂರು ನೀಡುವ ಹಕ್ಕು ಮನೆಯವರಿಗಿದೆ. ಆದರೆ ಗೇಟಿನ ಪಕ್ಕದ ಗೋಡೆಯುದ್ದಕ್ಕೂ ರಸ್ತೆಯನ್ನು ತಮ್ಮದೆಂದು ಕಾಯ್ದಿರಿಸುವ ಹಕ್ಕಿಲ್ಲ. ಕಲ್ಲು, ಸರಪಳಿ, ಹೂಕುಂಡ ಇಟ್ಟು ರಸ್ತೆಯನ್ನು ಆಕ್ರಮಿಸಿದರೆ ತೆರವುಗೊಳಿಸುವ ಹೊಣೆ ಸ್ಥಳೀಯ ಸಂಸ್ಥೆಯದು.

ಹಳೆಯ ಊರಿನ ಇಕ್ಕಟ್ಟು

ಬೀದರ್‌ನ ಸಮಸ್ಯೆಗೆ ಅದರ ಇತಿಹಾಸವೂ ಕಾರಣ. 15ನೇ ಶತಮಾನದಲ್ಲಿ ಬಹಮನಿ ಅರಸರ ರಾಜಧಾನಿಯಾದ ಈ ನಗರದ ಹಳೆಯ ಭಾಗವು ಕೋಟೆಗೋಡೆ ಹಾಗೂ ದರವಾಜೆಗಳ ನಡುವೆ ಬೆಳೆದದ್ದು. ಚೌಬಾರಾದಿಂದ ಮಹಮೂದ್ ಗವಾನ್ ಮದರಸಾದ ಮೂಲಕ ಕೋಟೆಯತ್ತ ಸಾಗುವ ರಸ್ತೆ ಹಾಗೂ ಅದಕ್ಕೆ ಕೂಡುವ ಗಲ್ಲಿಗಳು ಕುದುರೆ, ಬಂಡಿಗಳ ಕಾಲದವು. ಅಲ್ಲಿನ ಅನೇಕ ಮನೆಗಳಿಗೆ ಕಾಂಪೌಂಡ್ ಇಲ್ಲ. ಹೊಸ್ತಿಲು ದಾಟಿದರೆ ರಸ್ತೆ.

ರಸ್ತೆ ಅಗಲಿಸುವುದು, ಬಹುಮಹಡಿ ನಿಲುಗಡೆ ಕಟ್ಟಡ ಕಟ್ಟುವುದು ಇಲ್ಲಿ ಸುಲಭವಲ್ಲ. ಪ್ರಾಚೀನ ಸ್ಮಾರಕಗಳ ಕಾಯ್ದೆಗೆ 2010ರಲ್ಲಿ ಮಾಡಲಾದ ತಿದ್ದುಪಡಿಯಂತೆ ಕೇಂದ್ರ ಸರ್ಕಾರದ ಸಂರಕ್ಷಿತ ಸ್ಮಾರಕದ ಸುತ್ತ 100 ಮೀಟರ್ ನಿಷೇಧಿತ ಪ್ರದೇಶ. ಅದರಾಚೆ 200 ಮೀಟರ್ ನಿಯಂತ್ರಿತ ಪ್ರದೇಶ. ಕೋಟೆ ಮತ್ತು ಮದರಸಾ ಎರಡೂ ಭಾರತೀಯ ಪುರಾತತ್ವ ಸರ್ವೇಕ್ಷಣಾ ಇಲಾಖೆಯ ಸಂರಕ್ಷಣೆಯಲ್ಲಿವೆ. ಆದ್ದರಿಂದ ಹಳೆಯ ನಗರದಲ್ಲಿ ಜಾಗವನ್ನು ಹೆಚ್ಚಿಸುವುದಕ್ಕಿಂತ ಇರುವ ಜಾಗವನ್ನು ಹಂಚುವುದೇ ಕಾರ್ಯಸಾಧ್ಯ.

ಒಂದು ಸರಳ ಲೆಕ್ಕ ಇಲ್ಲಿ ಉಪಯುಕ್ತ. 20 ಅಡಿ ರಸ್ತೆಯ ಅಗಲ ಸುಮಾರು 6.1 ಮೀಟರ್. ಕಾರೊಂದರ ಅಗಲ ಸುಮಾರು 1.8 ಮೀಟರ್. ಎರಡೂ ಬದಿ ಕಾರು ನಿಂತರೆ ನಡುವೆ ಉಳಿಯುವುದು 2.5 ಮೀಟರ್, ದೊಡ್ಡ ಅಗ್ನಿಶಾಮಕ ವಾಹನದ ಅಗಲವೇ ಹೆಚ್ಚು ಕಡಿಮೆ ಅಷ್ಟಿರುತ್ತದೆ. ಒಂದೇ ಬದಿ ನಿಂತರೆ 4.3 ಮೀಟರ್ ಉಳಿಯುತ್ತದೆ. ಬೆಂಕಿ ಅವಘಡ, ಹೆರಿಗೆ, ಹೃದಯಾಘಾತದಂತಹ ಸಂದರ್ಭಗಳಲ್ಲಿ ಈ ವ್ಯತ್ಯಾಸವೇ ಜೀವ ಉಳಿಸಬಲ್ಲದು. ಪರವಾನಗಿ ಇರಲಿ ಬಿಡಲಿ, 'ಒಂದು ಬದಿ ಮಾತ್ರ' ಎಂಬ ನಿಯಮ ಕಿರಿದಾದ ರಸ್ತೆಗಳಿಗೆ ಮೊದಲ ಅಗತ್ಯ. ದಿನಾಂಕದ ಸರಿ-ಬೆಸ ಆಧಾರದಲ್ಲಿ ಬದಿ ಬದಲಾಯಿಸಿದರೆ ಇಕ್ಕೆಲದ ಮನೆಯವರಿಗೂ ಸಮಾನ ನ್ಯಾಯ ದೊರೆಯುತ್ತದೆ.

ಭಾಲ್ಕಿ ಮತ್ತು ಔರಾದ್‌ಗಳ ಸ್ಥಿತಿ ಬೇರೆ. 2011ರ ಜನಗಣತಿಯಂತೆ ಭಾಲ್ಕಿಯ ಜನಸಂಖ್ಯೆ 40 ಸಾವಿರದಷ್ಟು, ಔರಾದ್‌ನದು ಅದರ ಅರ್ಧದಷ್ಟು. ಇಲ್ಲಿ ಒತ್ತಡವಿರುವುದು ವಸತಿ ಓಣಿಗಳಿಗಿಂತ ಹೆಚ್ಚಾಗಿ ಬಸ್ ನಿಲ್ದಾಣ, ಮಾರುಕಟ್ಟೆ, ಕಚೇರಿಗಳ ಸುತ್ತ. ಔರಾದ್‌ನ ಅಮರೇಶ್ವರ ಜಾತ್ರೆಯಂತಹ ಸಂದರ್ಭದಲ್ಲಿ ತಾತ್ಕಾಲಿಕ ನಿಲುಗಡೆ ಮೈದಾನವೇ ಪರಿಹಾರ. ಇಂತಹ ಪಟ್ಟಣಗಳಿಗೆ ವಾರ್ಷಿಕ ಪರವಾನಗಿಯ ಕಚೇರಿ ಹೊರೆಗಿಂತ ಬಿಳಿ ಗೆರೆ, ಸ್ಪಷ್ಟ ಫಲಕ ಮತ್ತು ಗುರುತಿಸಿದ ನಿಲುಗಡೆ ತಾಣಗಳೇ ಹೆಚ್ಚು ಉಪಯುಕ್ತ.

ಗಡಿ ಜಿಲ್ಲೆಯ ವಿಶೇಷ ಪ್ರಶ್ನೆ

ಮಹಾರಾಷ್ಟ್ರ ಮತ್ತು ತೆಲಂಗಾಣಗಳಿಗೆ ಹೊಂದಿಕೊಂಡ ಜಿಲ್ಲೆಯಿದು. ಬೀದರ್‌ನ 'ಕೆಎ 38', ಭಾಲ್ಕಿಯ 'ಕೆಎ 39' ಸಂಖ್ಯೆಗಳ ನಡುವೆ ನೆರೆರಾಜ್ಯಗಳ ಸಂಖ್ಯೆ ಹೊತ್ತ ವಾಹನಗಳೂ ಕಾಣಸಿಗುತ್ತವೆ. ಒಂದು ರಾಜ್ಯದಲ್ಲಿ ನೋಂದಣಿಯಾದ ವಾಹನವನ್ನು ಬೇರೊಂದು ರಾಜ್ಯದಲ್ಲಿ 12 ತಿಂಗಳಿಗಿಂತ ಹೆಚ್ಚು ಕಾಲ ಇಟ್ಟುಕೊಂಡರೆ ಹೊಸ ನೋಂದಣಿ ಸಂಖ್ಯೆ ಪಡೆಯಬೇಕೆಂದು ಮೋಟಾರು ವಾಹನ ಕಾಯ್ದೆಯ 47ನೇ ಕಲಂ ವಿಧಿಸುತ್ತದೆ. ಪರವಾನಗಿ ಪದ್ಧತಿ ಜಾರಿಗೆ ಬಂದಲ್ಲಿ ವಾಹನದ ನೋಂದಣಿ ವಿಳಾಸವೇ ಮುಖ್ಯ ದಾಖಲೆಯಾಗುವುದರಿಂದ ಇಂತಹ ವಾಹನಗಳ ಮಾಲೀಕರು ತೊಡಕಿಗೆ ಸಿಲುಕುವ ಸಾಧ್ಯತೆಯಿದೆ.

ಬಾಡಿಗೆದಾರರ ಪ್ರಶ್ನೆಯೂ ಇಷ್ಟೇ ಮುಖ್ಯ. ಆಸ್ತಿ ತೆರಿಗೆ ರಸೀದಿಯನ್ನಷ್ಟೇ ವಾಸದ ಪುರಾವೆಯೆಂದು ಪರಿಗಣಿಸಿದರೆ ಮನೆ ಮಾಲೀಕರಿಗೆ ಮಾತ್ರ ಅನುಕೂಲವಾಗುತ್ತದೆ. ಬಾಡಿಗೆ ಕರಾರುಪತ್ರ, ವಿದ್ಯುತ್ ಬಿಲ್ಲುಗಳಿಗೂ ಮಾನ್ಯತೆ ಇರಬೇಕು. ಬಾಡಿಗೆ ಆಟೊ, ಟಂಟಂ ಓಡಿಸಿ ಜೀವನ ಸಾಗಿಸುವವರಿಗೆ ದೊಡ್ಡ ಕಾರಿನ ದರ ವಿಧಿಸುವುದು ನ್ಯಾಯವಲ್ಲ. ವಾಹನವೇ ಇಲ್ಲದ ಮನೆಯವರಿಗೂ ರಸ್ತೆಯಲ್ಲಿ ಪಾಲಿದೆ. ಅವರ ಪಾಲು ನಡೆದಾಡುವ ಜಾಗ.

ನಾಗರಿಕರು ಈಗ ಏನು ಮಾಡಬಹುದು?

* ಗೇಟು ಅಥವಾ ರಸ್ತೆಗೆ ಅಡ್ಡಲಾಗಿ ವಾಹನ ನಿಂತಿದ್ದರೆ ನೋಂದಣಿ ಸಂಖ್ಯೆ ಕಾಣುವಂತೆ ಛಾಯಾಚಿತ್ರ ತೆಗೆದು ಪೊಲೀಸರಿಗೆ ತಿಳಿಸಬಹುದು. ತುರ್ತು ಸಂದರ್ಭದಲ್ಲಿ 112ಕ್ಕೆ ಕರೆ ಮಾಡಬಹುದು. ಟೈರಿನ ಗಾಳಿ ತೆಗೆಯುವುದು, ಗಾಜು ಒಡೆಯುವುದು ಅಪರಾಧವಾಗುತ್ತದೆ.

* ಓಣಿಯಲ್ಲಿ ಒಂದು ಬದಿಯ ನಿಲುಗಡೆ ಬೇಕಿದ್ದರೆ ನಿವಾಸಿಗಳು ಒಟ್ಟಾಗಿ ಸಹಿ ಮಾಡಿದ ಮನವಿಯನ್ನು ಸ್ಥಳೀಯ ಸಂಸ್ಥೆಗೂ ಜಿಲ್ಲಾಧಿಕಾರಿಗೂ ಸಲ್ಲಿಸಬಹುದು. ರಸ್ತೆಯ ಅಗಲ, ಮನೆಗಳ ಸಂಖ್ಯೆ, ವಾಹನಗಳ ಸಂಖ್ಯೆಯ ವಿವರವಿದ್ದರೆ ಮನವಿಗೆ ತೂಕ ಬರುತ್ತದೆ.

* ರಸ್ತೆಯೊಂದರಲ್ಲಿ 'ನೋ ಪಾರ್ಕಿಂಗ್' ಅಧಿಸೂಚನೆ ಹೊರಟಿದೆಯೇ ಎಂಬುದನ್ನು 2005ರ ಮಾಹಿತಿ ಹಕ್ಕು ಕಾಯ್ದೆಯಡಿ ಕೇಳಿ ತಿಳಿಯಬಹುದು. ಖಾಸಗಿಯವರು ತೂಗುಹಾಕಿದ ಫಲಕಕ್ಕೆ ಅಧಿಸೂಚನೆಯ ಬಲವಿಲ್ಲ.

* ಅನುಮೋದಿತ ನಕ್ಷೆಯಲ್ಲಿ ನಿಲುಗಡೆಗೆಂದು ತೋರಿಸಿದ ನೆಲಮಹಡಿಯನ್ನು ಅಂಗಡಿ, ಗೋದಾಮುಗಳಾಗಿ ಪರಿವರ್ತಿಸಿದ್ದರೆ ಸ್ಥಳೀಯ ಸಂಸ್ಥೆಗೆ ದೂರು ನೀಡಬಹುದು. ಒಳಗಿರಬೇಕಾದ ವಾಹನಗಳು ರಸ್ತೆಗೆ ಬರಲು ಇದೂ ಒಂದು ಪ್ರಮುಖ ಕಾರಣ.

* ಮನೆ ಕಟ್ಟುವವರು ನಕ್ಷೆಯ ಹಂತದಲ್ಲಿಯೇ ಒಂದು ವಾಹನಕ್ಕೆ ಒಳಾವರಣದಲ್ಲಿ ಜಾಗ ಬಿಡುವುದು ಲೇಸು.

ಪರವಾನಗಿ ಎಂಬುದು ಹೊಸ ಜಾಗವನ್ನು ಸೃಷ್ಟಿಸುವುದಿಲ್ಲ. ಇರುವ ಜಾಗವನ್ನು ಯಾರು, ಎಷ್ಟು ಹೊತ್ತು, ಯಾವ ಬೆಲೆಗೆ ಬಳಸಬೇಕೆಂಬುದನ್ನು ಜಗಳವಿಲ್ಲದೆ ತೀರ್ಮಾನಿಸುವ ಮಾರ್ಗವಷ್ಟೇ ಅದು. ಬೀದರ್‌ನ ಹಳೆಯ ನಗರದಲ್ಲಿ ಎಂದಾದರೊಂದು ದಿನ ಇಂತಹ ವ್ಯವಸ್ಥೆ ಬಂದಲ್ಲಿ ಅದರ ಯಶಸ್ಸು ಸಂಗ್ರಹವಾದ ಶುಲ್ಕದಿಂದ ಅಳೆಯಲ್ಪಡಬಾರದು. ಗಲ್ಲಿಯ ಕೊನೆಯ ಮನೆಯವರೆಗೆ ಆಂಬುಲೆನ್ಸ್ ತಲುಪುತ್ತದೆಯೇ ಎಂಬುದರಿಂದ ಅಳೆಯಲ್ಪಡಬೇಕು.